ಮೈಯಿಲ್ಲದ ಗ್ರಹ, ಮನಸ್ಸು ಬಿಡದ ಗ್ರಹ

(ನಮ್ಮ ವಾರದ ಕನ್ನಡ ಕಾರ್ಯಕ್ರಮದಲ್ಲಿ ಬಿತ್ತರವಾದ ಮಾತು. ಬರಹದಲ್ಲಿ ಕೊಡಿ ಎಂದು ಹಲವು ಕೇಳುಗರು ಕೇಳಿದ್ದರಿಂದ ಇಲ್ಲಿ ಪೂರ್ತಿಯಾಗಿ ಕೊಟ್ಟಿದ್ದೇವೆ.)

ಮಾಂಬಲದಿಂದ ಅಂಬತ್ತೂರಿನವರೆಗೆ, ತಿರುವಲ್ಲಿಕ್ಕೇಣಿಯಿಂದ ತಾಂಬರಂವರೆಗೆ, ರೇಡಿಯೋದ ಕಿವಿ ಹಿಂಡಿ ಅದನ್ನು ಕನ್ನಡಕ್ಕೆ ತಂದು ನಿಲ್ಲಿಸಿರುವ ನಿಮಗೆಲ್ಲ ಸ್ವಾಗತ.

ಇವತ್ತು ಒಂದು ಪ್ರಶ್ನೆಯಿಂದ ಶುರು ಮಾಡೋಣ. ನಮ್ಮ ಚೆನ್ನೈನಲ್ಲಿ ದಿನಾ ಬೆಳಗ್ಗೆ ಅತಿ ಹೆಚ್ಚು ಜನ ವಿಚಾರಿಸಿಕೊಳ್ಳುವ ಗ್ರಹ ಯಾವುದು ಹೇಳಿ? ಗುರುವೇ? ಗುರು ವರ್ಷಕ್ಕೊಂದು ಸಲ ಮನೆ ಬದಲಿಸುವಾಗ ಮಾತ್ರ ನೆನಪಾಗುತ್ತಾನೆ. ಶನಿಯೇ? ಶನಿಗೆ ಶನಿವಾರ ಒಂದು ಎಳ್ಳೆಣ್ಣೆ ದೀಪ ಹಚ್ಚಿದರೆ ಆಯಿತು. ಆದರೆ ಈ ಇನ್ನೊಬ್ಬ ಇದ್ದಾನೆ ನೋಡಿ, ಇವನಿಗೆ ದಿನಕ್ಕೆ ಒಂದೂವರೆ ಗಂಟೆ ಮೀಸಲು. ಗೋಡೆಯ ಮೇಲಿನ, ದಿನಕ್ಕೊಂದು ಹಾಳೆ ಹರಿಯುವ ಕ್ಯಾಲೆಂಡರ್‌ನಲ್ಲಿ ತಾರೀಖಿನ ಪಕ್ಕದಲ್ಲೇ ಇವನ ಜಾಗ. ಹೌದು, ರಾಹು. ರಾಹುಕಾಲದ ರಾಹು!

ಮನೆ ಬದಲಿಸುವ ದಿನ ಸಾಮಾನು ತುಂಬಿದ ಟೆಂಪೋ ಹೊಸ ಮನೆಯ ಮುಂದೆ ನಿಂತಿರುತ್ತದೆ. ಡ್ರೈವರ್ ಬೀಡಿ ಸೇದುತ್ತಾ ಕಾಯುತ್ತಾನೆ. ಮನೆಯೊಡತಿ ಹಾಲಿನ ಪಾತ್ರೆ ಹಿಡಿದು ಬಾಗಿಲಲ್ಲಿ ನಿಂತಿರುತ್ತಾರೆ. ಯಾಕೆ? ರಾಹುಕಾಲ ಮುಗಿಯಲು ಇನ್ನೂ ಹತ್ತು ನಿಮಿಷ ಇದೆ! ಅಂಗಡಿಯ ಷಟರ್ ಎತ್ತುವುದು, ಹೊಸ ಗಾಡಿಯ ಚಕ್ರಕ್ಕೆ ನಿಂಬೆಹಣ್ಣು ಇಡುವುದು, ಹೆಣ್ಣು ನೋಡಲು ಹೊರಡುವುದು, ಎಲ್ಲಕ್ಕೂ ಇವನ ಅಪ್ಪಣೆ ಬೇಕು. ಇಂಗ್ಲಿಷ್ ಶಾಲೆಯಲ್ಲಿ ಓದಿದವರಿಗೆ ಇದನ್ನು ನೆನಪಿಡಲು ಒಂದು ವಾಕ್ಯವೇ ಇದೆ. ‘ಮದರ್ ಸಾ ಫಾದರ್ ವೇರಿಂಗ್ ದ ಟರ್ಬನ್ ಸಡನ್ಲಿ.’ ಮೊದಲಕ್ಷರ ಹಿಡಿದು ಹೋಗಿ: ಮಂಡೇ 7.30ಕ್ಕೆ, ಸ್ಯಾಟರ್‌ಡೇ 9ಕ್ಕೆ, ಫ್ರೈಡೇ 10.30ಕ್ಕೆ, ವೆಡ್ನೆಸ್‌ಡೇ 12ಕ್ಕೆ, ಥರ್ಸ್‌ಡೇ 1.30ಕ್ಕೆ, ಟ್ಯೂಸ್‌ಡೇ 3ಕ್ಕೆ, ಸಂಡೇ 4.30ಕ್ಕೆ. ಬಾಹ್ಯಾಕಾಶದ ಅಷ್ಟು ದೂರದ ಲೆಕ್ಕ ಅಪ್ಪನ ಪೇಟದಲ್ಲಿ ಅಡಗಿ ಕೂತಿದೆ.

ಒಂದು ತಮಾಷೆ ಗಮನಿಸಿದ್ದೀರಾ? ಸೋಮವಾರ ಬೆಳಗ್ಗೆ ಏಳೂವರೆಯಿಂದ ಒಂಬತ್ತು. ಮಕ್ಕಳು ಶಾಲೆಗೆ, ದೊಡ್ಡವರು ಆಫೀಸಿಗೆ, ಇಡೀ ಚೆನ್ನೈ ಮನೆ ಬಿಟ್ಟು ಹೊರಡುವ ಹೊತ್ತು ಅದೇ! ವಾರದ ಮೊದಲ ಕೆಲಸವನ್ನೇ ಇಡೀ ಊರು ರಾಹುಕಾಲದಲ್ಲಿ ಶುರು ಮಾಡುತ್ತದೆ. ಊರು ಮುಳುಗಿಲ್ಲ. ಮುಳುಗಿದ್ದರೆ ಅದು ಮಳೆಯಿಂದ.

ನಗು ಇರಲಿ. ಈ ರಾಹು ಯಾರು, ಎಲ್ಲಿದ್ದಾನೆ?

ಕತೆ ನಿಮಗೆಲ್ಲ ಗೊತ್ತು. ಸಮುದ್ರ ಮಥನವಾಯಿತು, ಅಮೃತ ಬಂತು, ಮೋಹಿನಿ ಬಡಿಸುತ್ತಿದ್ದಳು. ದೇವತೆಗಳ ಪಂಕ್ತಿಯಲ್ಲಿ ಒಬ್ಬ ಅಸುರ ಬಂದು ಕೂತ. ಸೂರ್ಯ ಚಂದ್ರರು ಸುಳಿವು ಕೊಟ್ಟರು. ಚಕ್ರ ಬಂತು, ತಲೆ ಬೇರೆ ಮೈ ಬೇರೆ ಆಯಿತು. ಅಮೃತ ಗಂಟಲು ಮುಟ್ಟಿದ್ದರಿಂದ ಸಾವಿಲ್ಲ. ತಲೆ ರಾಹು, ಮೈ ಕೇತು. ಆ ಸಿಟ್ಟಿಗೆ ಇಂದಿಗೂ ಸೂರ್ಯ ಚಂದ್ರರನ್ನು ನುಂಗುತ್ತಾನೆ. ಹೊಟ್ಟೆ ಇಲ್ಲದ್ದರಿಂದ ಅವರು ಗಂಟಲ ಕೆಳಗಿನಿಂದ ಹೊರಗೆ ಬರುತ್ತಾರೆ. ಎಂಥ ಸೊಗಸಾದ ಕತೆ! ಗ್ರಹಣ ಯಾಕೆ ಹಿಡಿಯುತ್ತದೆ, ಯಾಕೆ ಬಿಡುತ್ತದೆ, ಎರಡಕ್ಕೂ ಅದರಲ್ಲಿ ಉತ್ತರ ಇದೆ.

ಇನ್ನು ಲೆಕ್ಕದ ರಾಹು. ಎರಡು ಬಳೆಗಳನ್ನು ತೆಗೆದುಕೊಳ್ಳಿ. ಒಂದರೊಳಗೊಂದು ಇಟ್ಟು ಸ್ವಲ್ಪ ಓರೆ ಮಾಡಿ ಹಿಡಿಯಿರಿ. ಅವು ಎರಡು ಕಡೆ ಒಂದನ್ನೊಂದು ದಾಟುತ್ತವೆ. ಆಕಾಶದಲ್ಲಿ ಸೂರ್ಯ ವರ್ಷವಿಡೀ ಸಾಗುವಂತೆ ಕಾಣುವ ಹಾದಿ ಒಂದು ಬಳೆ. ಚಂದ್ರ ತಿಂಗಳಿಗೊಮ್ಮೆ ಸುತ್ತುವ ಹಾದಿ ಇನ್ನೊಂದು ಬಳೆ. ಎರಡರ ನಡುವಿನ ಓರೆ ಸುಮಾರು 5 ಡಿಗ್ರಿ. ಅವು ದಾಟುವ ಆ ಎರಡು ಜಾಗಗಳಿಗೇ ನಮ್ಮ ಹಿರಿಯರು ರಾಹು, ಕೇತು ಎಂದು ಹೆಸರಿಟ್ಟರು. ಅಮಾವಾಸ್ಯೆ, ಹುಣ್ಣಿಮೆ ಪ್ರತಿ ತಿಂಗಳೂ ಬರುತ್ತವೆ. ಆದರೆ ಸೂರ್ಯ ಈ ಎರಡು ಜಾಗಗಳಲ್ಲಿ ಒಂದರ ಹತ್ತಿರ ಇರುವಾಗ ಬಂದರೆ ಮಾತ್ರ ಗ್ರಹಣ. ಈ ಜಾಗಗಳೂ ನಿಂತಲ್ಲಿ ನಿಲ್ಲುವುದಿಲ್ಲ, ಹಿಂದೆ ಹಿಂದೆ ಸರಿಯುತ್ತಾ ಸುಮಾರು 18.6 ವರ್ಷಕ್ಕೆ ಒಂದು ಸುತ್ತು ಮುಗಿಸುತ್ತವೆ. ಅದಕ್ಕೇ ಜಾತಕದಲ್ಲಿ ರಾಹು ಕೇತುಗಳು ಯಾವಾಗಲೂ ವಕ್ರಿ, ಒಂದೊಂದು ಮನೆಯಲ್ಲಿ ಸುಮಾರು ಒಂದೂವರೆ ವರ್ಷ.

ಹಾಗಾದರೆ ರಾಹು ಸುಳ್ಳೇ? ಪೂರ್ತಿ ಸುಳ್ಳಲ್ಲ. ನಾಲ್ಕು ರಸ್ತೆ ಕೂಡುವ ಜಾಗಕ್ಕೆ ಹೆಸರಿದೆ, ಬಸ್ ಅಲ್ಲಿ ನಿಲ್ಲುತ್ತದೆ, ಆದರೆ ‘ಕೂಡುರಸ್ತೆ’ ಎಂಬ ವಸ್ತುವನ್ನು ಎತ್ತಿ ಯಾರೂ ಮನೆಗೆ ತರಲಾರರು. ರಾಹುವೂ ಹಾಗೆ, ಜಾಗ ಇದೆ, ಆಸಾಮಿ ಇಲ್ಲ. 2023ರ ಆಗಸ್ಟ್ 23ರಂದು ನಮ್ಮ ಚಂದ್ರಯಾನ-3 ಚಂದ್ರನ ಮೇಲೆ ಇಳಿಯಿತು. ರಾಹುವಿನ ಮೇಲೆ ಇಳಿಯಲು ನೆಲವೇ ಇಲ್ಲ. ತೂಕ ಇಲ್ಲ, ಬೆಳಕು ಇಲ್ಲ, ಮೈ ಇಲ್ಲ. ಇರುವುದು ನೋಡುವವರ ಮನಸ್ಸಿನ ಮೇಲೆ ಇವನ ಹಿಡಿತ ಮಾತ್ರ. ಆ ಹಿಡಿತದ ಬಗ್ಗೆಯೇ ಇವತ್ತಿನ ಮಾತು.

ಇದೆಲ್ಲ ಹೊಸಗಾಲದ ವಿಜ್ಞಾನ ಹೇಳಿಕೊಟ್ಟದ್ದು ಎಂದುಕೊಳ್ಳಬೇಡಿ. 499ರ ಹೊತ್ತಿಗೆ ಬರೆದ ‘ಆರ್ಯಭಟೀಯ’ದಲ್ಲಿ ಆರ್ಯಭಟ ಸ್ಪಷ್ಟವಾಗಿ ಹೇಳಿಬಿಟ್ಟಿದ್ದಾನೆ: ಸೂರ್ಯನನ್ನು ಮರೆಮಾಡುವುದು ಚಂದ್ರ, ಚಂದ್ರನನ್ನು ಮರೆಮಾಡುವುದು ಭೂಮಿಯ ನೆರಳು. ಮುಂದಿನ ಶತಮಾನದ ವರಾಹಮಿಹಿರ ‘ಬೃಹತ್ಸಂಹಿತೆ’ಯಲ್ಲಿ ಗ್ರಹಣಕ್ಕೆ ರಾಹು ಕಾರಣನಲ್ಲ ಎಂದು ವಾದಿಸುತ್ತಾನೆ. ಆಮೇಲೆ ಅದೇ ಪುಸ್ತಕದಲ್ಲಿ ಯಾವ ಬಣ್ಣದ ಗ್ರಹಣ ಹಿಡಿದರೆ ಏನು ಫಲ ಎಂದು ಉದ್ದಕ್ಕೆ ಪಟ್ಟಿಯನ್ನೂ ಕೊಡುತ್ತಾನೆ! 628ರಲ್ಲಿ ಗ್ರಂಥ ಬರೆದ ಬ್ರಹ್ಮಗುಪ್ತನಂತೂ ರಾಹುವಿನ ಪಕ್ಷ ವಹಿಸಿ ಮಾತಾಡಿದ. ಆದರೆ ಗ್ರಹಣದ ಲೆಕ್ಕ ಹಾಕುವಾಗ ಚಂದ್ರನ ಬಿಂಬ, ಭೂಮಿಯ ನೆರಳು ಇವುಗಳ ಅಳತೆಯನ್ನೇ ಹಿಡಿದ. ಸುಮಾರು ನಾಲ್ಕು ಶತಮಾನಗಳ ಮೇಲೆ ಭಾರತದ ಬಗ್ಗೆ ಬರೆದ ಅಲ್ ಬಿರೂನಿ ಇದನ್ನು ಓದಿ ಬೆರಗಾಗುತ್ತಾನೆ. ಇಷ್ಟು ಬಲ್ಲವನು ಹೀಗೇಕೆ ಬರೆದ? ಸಾಕ್ರಟೀಸನಿಗೆ ಆದ ಗತಿ ತನಗೂ ಬಂದೀತೆಂಬ ಹೆದರಿಕೆಯೋ ಏನೋ ಎಂದು ಊಹಿಸುತ್ತಾನೆ.

ಆದ್ದರಿಂದ ‘ಹಿಂದಿನವರಿಗೆ ಗೊತ್ತಿರಲಿಲ್ಲ, ಪಾಪ’ ಎನ್ನುವ ಹಾಗಿಲ್ಲ. ಗೊತ್ತಿತ್ತು. ಗೊತ್ತಿದ್ದೂ ಹೆದರಿಕೆ ಹೋಗಲಿಲ್ಲ. ಇವತ್ತಿಗೂ ನಮ್ಮ ಪಂಚಾಂಗ ನೋಡಿ. ಗ್ರಹಣ ಹಿಡಿಯುವ ನಿಮಿಷ, ಬಿಡುವ ನಿಮಿಷ ನೆರಳಿನ ಗಣಿತದಿಂದ ಬಂದದ್ದು. ಅದರ ಕೆಳಗಿನ ಸಾಲಿನಲ್ಲೇ ಯಾವ ನಕ್ಷತ್ರದವರು ಶಾಂತಿ ಮಾಡಿಸಬೇಕು ಎಂದು ಬರೆದಿರುತ್ತದೆ. ಒಂದೇ ಪುಟದಲ್ಲಿ ಆರ್ಯಭಟನೂ ಇದ್ದಾನೆ, ರಾಹುವೂ ಇದ್ದಾನೆ.

ನಮ್ಮ ಮದ್ರಾಸಿಗೆ ಈ ಕತೆಯಲ್ಲಿ ದೊಡ್ಡ ಪಾತ್ರ ಇದೆ. ನುಂಗಂಬಾಕ್ಕಂನ ಹವಾಮಾನ ಕೇಂದ್ರ ನಿಮಗೆ ಗೊತ್ತು, ಮಳೆ ಬಂದಾಗ ಟೀವಿಯಲ್ಲಿ ‘ನುಂಗಂಬಾಕ್ಕಂನಲ್ಲಿ ಇಷ್ಟು ಸೆಂಟಿಮೀಟರ್’ ಎನ್ನುತ್ತಾರಲ್ಲ, ಅದೇ. ಆ ಆವರಣದಲ್ಲಿ ಒಂದು ಗ್ರಾನೈಟ್ ಕಂಬ ಇದೆ. 1792ರಲ್ಲಿ ಕಟ್ಟಿದ ಮದ್ರಾಸ್ ವೀಕ್ಷಣಾಲಯದ ದೂರದರ್ಶಕವನ್ನು ಹೊತ್ತಿದ್ದ ಕಂಬ ಅದು. ಮೈಮೇಲೆ ತಮಿಳು, ತೆಲುಗು ಬರಹಗಳೂ ಇವೆ. ನಕ್ಷತ್ರ ನೋಡಿ ಗಡಿಯಾರ ಸರಿಮಾಡುತ್ತಿದ್ದ ಆ ಜಾಗದಿಂದಲೇ ‘ಮದ್ರಾಸ್ ಟೈಮ್’ ಹುಟ್ಟಿದ್ದು. ಒಂದು ಕಾಲಕ್ಕೆ ಭಾರತದ ರೈಲುಗಳು ಓಡುತ್ತಿದ್ದದ್ದು ಆ ವೇಳೆಗೆ.

1906ರ ಜನವರಿ 1ರಿಂದ ಈಗಿನ ಭಾರತೀಯ ಕಾಲಮಾನ ಬಂತು. ಮದ್ರಾಸಿನ ವೇಳೆಗಿಂತ ಅದು ಸುಮಾರು 9 ನಿಮಿಷ ಮುಂದೆ. ಗಡಿಯಾರದ ಮುಳ್ಳನ್ನು 9 ನಿಮಿಷ ಮುಂದೆ ತಳ್ಳಿದರು. ಈಗ ಹೇಳಿ, ರಾಹುವೂ ತನ್ನ ಗಡಿಯಾರ ತಿದ್ದಿಕೊಂಡನೇ? ಇನ್ನೊಂದು ನೋಡಿ. ಶಾಸ್ತ್ರದ ಪ್ರಕಾರ ರಾಹುಕಾಲ ಎಂದರೆ ಸೂರ್ಯೋದಯದಿಂದ ಸೂರ್ಯಾಸ್ತದವರೆಗಿನ ಹೊತ್ತಿನ ಎಂಟನೆಯ ಒಂದು ಪಾಲು. ಮಂಗಳೂರಿನ ಸೂರ್ಯ ನಮ್ಮ ಮರೀನಾದ ಸೂರ್ಯನಿಗಿಂತ ಇಪ್ಪತ್ತು ನಿಮಿಷಕ್ಕೂ ಹಿಂದೆ. ಅಂದರೆ ಅಲ್ಲಿಯ ರಾಹುಕಾಲವೂ ತಡವಾಗಿ ಬರಬೇಕು. ಆದರೆ ಕ್ಯಾಲೆಂಡರ್‌ಗಳಲ್ಲಿ ಸಾಮಾನ್ಯವಾಗಿ ಅಚ್ಚಾಗುವುದು ಎರಡೂ ಊರಿಗೆ ಅದೇ ಏಳೂವರೆ, ಅದೇ ಒಂಬತ್ತು. ನಾವು ಹೆದರುತ್ತಿರುವುದು ಆಕಾಶಕ್ಕೋ, ಅಚ್ಚಾದ ಹಾಳೆಗೋ?

ಆ ವೀಕ್ಷಣಾಲಯದಲ್ಲಿ ಕೆಲಸ ಮಾಡಿದ ಒಬ್ಬರ ಹೆಸರನ್ನು ನಾವು ಕನ್ನಡಿಗರು ತಿಳಿದಿರಬೇಕು. ಚಿಂತಾಮಣಿ ರಘುನಾಥಾಚಾರ್ಯ. 1867ರಲ್ಲಿ ಬೆಳಕು ಏರಿಳಿಯುವ ಒಂದು ಹೊಸ ನಕ್ಷತ್ರವನ್ನು ಗುರುತಿಸಿದರು. 1872ರಲ್ಲಿ ಲಂಡನ್ನಿನ ರಾಯಲ್ ಆಸ್ಟ್ರನಾಮಿಕಲ್ ಸೊಸೈಟಿಯ ಫೆಲೋ ಆದರು. ಕಣ್ಣಾರೆ ನೋಡಿ ತಿದ್ದಿದ ಲೆಕ್ಕದ ಮೇಲೆ ‘ದೃಗ್ಗಣಿತ ಪಂಚಾಂಗ’ ಹೊರತಂದರು. 1874ರ ಡಿಸೆಂಬರ್ 9ರಂದು ಶುಕ್ರ ಸೂರ್ಯನ ಮುಂದೆ ಹಾದುಹೋಗುವ ಸಂದರ್ಭಕ್ಕೆ ಅವರು ಬರೆದ ಪುಸ್ತಿಕೆ ಕನ್ನಡದಲ್ಲೂ ಅಚ್ಚಾಯಿತು. ಯೋಚಿಸಿ ಕೇಳುಗರೇ, ಒಂದೂವರೆ ಶತಮಾನದ ಹಿಂದೆ, ಮದ್ರಾಸಿನಿಂದ, ಕನ್ನಡದಲ್ಲಿ ಆಕಾಶದ ಮಾತು! ನಾನಿಲ್ಲಿ ಮೈಕಿನ ಮುಂದೆ ಕೂತು ಮಾಡುತ್ತಿರುವ ಕೆಲಸ ಹೊಸದೇನಲ್ಲ.

ಆ ಕಾಲದ ಎರಡು ದೊಡ್ಡ ಗ್ರಹಣಗಳಿಗೂ ಕನ್ನಡ ನೆಲಕ್ಕೂ ನಂಟಿದೆ. 1868ರ ಆಗಸ್ಟ್ 18ರ ಪೂರ್ಣ ಸೂರ್ಯಗ್ರಹಣಕ್ಕೆ ರಘುನಾಥಾಚಾರ್ಯರು ಈಗಿನ ತೆಲಂಗಾಣದ ವನಪರ್ತಿಗೆ ಹೋದರು, ಜಾನ್ಸೆನ್ ಎಂಬ ಫ್ರೆಂಚ್ ವಿಜ್ಞಾನಿ ಗುಂಟೂರಿನಲ್ಲಿ ನಿಂತರು. ಪ್ರಸಿದ್ಧ ಹರ್ಷೆಲ್ ಮನೆತನದ ಜಾನ್ ಹರ್ಷೆಲ್ ನಮ್ಮ ಜಮಖಂಡಿಗೆ ಬಂದು ದೂರದರ್ಶಕ ಹೂಡಿದರು. ಆ ವರ್ಷದ ವೀಕ್ಷಣೆಗಳ ಎಳೆ ಹಿಡಿದು ಹೋದಾಗಲೇ ಹೀಲಿಯಂ ಎಂಬ ಹೊಸ ಧಾತು ಸಿಕ್ಕಿದ್ದು. ಮಕ್ಕಳ ಹುಟ್ಟುಹಬ್ಬದಲ್ಲಿ ಬಲೂನು ಮೇಲೇರುತ್ತದಲ್ಲ, ಅದೇ ಹೀಲಿಯಂ. ಜನ ಬಾಗಿಲು ಹಾಕಿ ಕೂತ ಆ ಕೆಲವು ನಿಮಿಷಗಳಲ್ಲಿ ಬಾಗಿಲು ತೆರೆದು ನಿಂತವರಿಗೆ ಸೂರ್ಯ ತನ್ನ ಗುಟ್ಟು ಬಿಟ್ಟುಕೊಟ್ಟ.

ಮೂರು ವರ್ಷದ ಮೇಲೆ, 1871ರ ಡಿಸೆಂಬರ್ 12. ಹೀಲಿಯಂ ಕತೆಯ ಇನ್ನೊಬ್ಬ ನಾಯಕ ನಾರ್ಮನ್ ಲಾಕಿಯರ್ ಇಂಗ್ಲೆಂಡಿನಿಂದ ಬಂದು ಕಾಸರಗೋಡಿನ ಬೇಕಲ ಕೋಟೆಯಲ್ಲಿ ಉಪಕರಣ ಜೋಡಿಸಿದರು. ಕೆಳದಿಯ ನಾಯಕರ ಕಾಲದ ನಮ್ಮ ಬೇಕಲ. ಕೋಟೆಯ ಮೇಲೆ ದೂರದರ್ಶಕ, ಹೊರಗೆ ರಾಹುವನ್ನು ಓಡಿಸಲು ಜನ ಹಚ್ಚಿದ ಬೆಂಕಿ. ಹೊಗೆ ಮೇಲೆದ್ದು ಸೂರ್ಯನನ್ನೇ ಮುಚ್ಚುವ ಹಾಗಾಯಿತು. ಪೊಲೀಸರು ಹೋಗಿ ಬೆಂಕಿ ಆರಿಸಬೇಕಾಯಿತು. ರಾಹು ಮುಚ್ಚುವ ಮೊದಲೇ ರಾಹುವಿನ ಹೆದರಿಕೆ ಸೂರ್ಯನನ್ನು ಮುಚ್ಚಿಬಿಡುತ್ತಿತ್ತು ನೋಡಿ! ಅದೇ ಕಾಸರಗೋಡು ಜಿಲ್ಲೆಯ ಚೆರುವತ್ತೂರಿನಲ್ಲಿ 2019ರ ಡಿಸೆಂಬರ್ 26ರಂದು ಕಂಕಣ ಗ್ರಹಣ ನೋಡಲು ಸಾವಿರಾರು ಜನ ಮಕ್ಕಳನ್ನು ಕರೆದುಕೊಂಡು ಬಂದು ಸೇರಿದ್ದರು. 148 ವರ್ಷದಲ್ಲಿ ಇಷ್ಟಾದರೂ ಬದಲಾಗಿದೆ.

ಎಲ್ಲ ಕಡೆಯೂ ಬದಲಾಗಿದೆಯೇ? ಅದೇ ದಿನ ಕಲಬುರಗಿ ಬಳಿಯ ತಾಜಸುಲ್ತಾನಪುರದಿಂದ ಬಂದ ಸುದ್ದಿ ನಿಮಗೆ ನೆನಪಿರಬಹುದು. ಅಂಗವೈಕಲ್ಯ ಇರುವ ಮಕ್ಕಳನ್ನು ಗ್ರಹಣದ ಹೊತ್ತಿನಲ್ಲಿ ತಿಪ್ಪೆಯ ಮಣ್ಣಿನಲ್ಲಿ ಕುತ್ತಿಗೆಯವರೆಗೆ ಹೂತಿದ್ದರು, ವಾಸಿಯಾಗುತ್ತದೆ ಎಂದು. ಅಳುತ್ತಿದ್ದ ಆ ಮಕ್ಕಳ ಚಿತ್ರ ಪತ್ರಿಕೆಗಳಲ್ಲಿ ಬಂತು. ಹೂತವರು ಆ ಮಕ್ಕಳ ಶತ್ರುಗಳಲ್ಲ, ಹೆತ್ತವರು. ಅವರಿಗೆ ಮಕ್ಕಳ ಮೇಲೆ ಪ್ರೀತಿ ಇರಲಿಲ್ಲ ಎಂದು ಯಾರೂ ಹೇಳುವಂತಿಲ್ಲ. ಪ್ರೀತಿಯೂ ಹೆದರಿಕೆಯೂ ಕೂಡಿದರೆ ಮನುಷ್ಯನ ಕೈಯಿಂದ ಏನೇನು ಮಾಡಿಸುತ್ತವೆ ಎಂಬುದಕ್ಕೆ ಇದಕ್ಕಿಂತ ಉದಾಹರಣೆ ಬೇಡ.

ಈಗ ನಾನು ಈ ವಿಷಯ ಎತ್ತಿಕೊಂಡದ್ದು ಯಾಕೆ ಎಂದು ಹೇಳುತ್ತೇನೆ.

2025ರ ಸೆಪ್ಟೆಂಬರ್ 7, ಭಾನುವಾರ. ಅಂದು ರಾತ್ರಿ ಪೂರ್ಣ ಚಂದ್ರಗ್ರಹಣ. 9.57ಕ್ಕೆ ಹಿಡಿದು 1.26ಕ್ಕೆ ಬಿಡುವುದಿತ್ತು. ಸಂಜೆ ನಮ್ಮ ಫೋನ್ ಕಾರ್ಯಕ್ರಮದಲ್ಲಿ ಸುಮ್ಮನೆ ಗ್ರಹಣದ ಮಾತು ಬಂತು. ಒಬ್ಬ ತಾಯಿ ಕರೆ ಮಾಡಿದರು. ಏಳು ತಿಂಗಳ ಗರ್ಭಿಣಿ. ದನಿ ತೀರ ಸಣ್ಣಗಿತ್ತು. “ಮೇಡಂ, ಮಧ್ಯಾಹ್ನ ಒಂದು ಗಂಟೆಯಿಂದ ಏನೂ ತಿಂದಿಲ್ಲ. ಗ್ರಹಣ ಬಿಡೋ ತನಕ ಬೇಡ ಅಂತಾರೆ ಅತ್ತೆ. ನೀರಾದ್ರೂ ಕುಡೀಬಹುದಾ?” ಲೆಕ್ಕ ಹಾಕಿ. ಒಂದು ಗಂಟೆಯಿಂದ ರಾತ್ರಿ ಒಂದೂವರೆ. ಹನ್ನೆರಡೂವರೆ ಗಂಟೆ! ನಾನು ಹೇಳಿದೆ: “ಮೊದಲು ನೀರು ಕುಡೀರಮ್ಮ, ಫೋನ್ ಹಿಡಿದೇ ಇರ್ತೀನಿ. ಆಮೇಲೆ ಊಟ ಮಾಡಿ. ಅತ್ತೆಯವರಿಗೂ ಒಂದು ಮಾತು ಹೇಳಿ, ವೇಧೆಯ ನಿಯಮ ಬರೆದವರೇ ಮಕ್ಕಳು, ಮುದುಕರು, ರೋಗಿಗಳು, ಬಸುರಿಯರಿಗೆ ರಿಯಾಯಿತಿ ಬರೆದಿದ್ದಾರೆ. ಪಂಚಾಂಗದಲ್ಲೇ ಇದೆ, ನೋಡೋಕೆ ಹೇಳಿ.” ಆ ಕಡೆಯಿಂದ ಲೋಟದ ಸದ್ದು ಕೇಳಿಸಿತು. ನನಗೆ ಅಷ್ಟೇ ಸಾಕಾಗಿತ್ತು.

ಆದರೆ ಅದರ ಹಿಂದೆಯೇ ಇನ್ನೊಂದು ಕರೆ ಬಂತು. ವಯಸ್ಸಾದವರು. ಹುಬ್ಬಳ್ಳಿ ಕಡೆಯ ಮಾತು. ಮಗನ ಜೊತೆ ಚೆನ್ನೈಗೆ ಬಂದು ನೆಲೆಸಿದವರು. “ಇದನ್ನ ರೇಡಿಯೋದಾಗ ಬಿಡಬ್ಯಾಡ್ರಿ” ಎಂದರು. ಬಿಡಲಿಲ್ಲ. ಆಮೇಲೆ ಅವರೇ ಒಪ್ಪಿ, ‘ಹೆಸರು ಬ್ಯಾಡ, ಮಂದಿಗೆ ಉಪಯೋಗ ಆಗತದಂದ್ರ ಹೇಳ್ರಿ’ ಎಂದ ಮೇಲೆ ಇವತ್ತು ಹೇಳುತ್ತಿದ್ದೇನೆ.

1980ರ ಫೆಬ್ರವರಿ 16, ಶನಿವಾರ. ಅಂಕೋಲಾ, ಕಾರವಾರದ ಕಡೆಯಿಂದ ಹುಬ್ಬಳ್ಳಿ, ರಾಯಚೂರು ದಾಟಿ ಹೋದ ಪೂರ್ಣ ಸೂರ್ಯಗ್ರಹಣ. ಮಧ್ಯಾಹ್ನ ಮೂರೂ ಮುಕ್ಕಾಲರ ಸುಮಾರಿಗೆ ನಡುಹಗಲೇ ಕತ್ತಲಾಗಿ ನಕ್ಷತ್ರ ಕಂಡವು. ವಿಜ್ಞಾನಿಗಳು ಹುಬ್ಬಳ್ಳಿ, ರಾಯಚೂರುಗಳ ಸುತ್ತ ಬಿಡಾರ ಹೂಡಿದ್ದರು. ಊರುಗಳ ರಸ್ತೆಗಳು ಮಾತ್ರ ಕರ್ಫ್ಯೂ ಹಾಕಿದ ಹಾಗೆ ಖಾಲಿ ಎಂದು ಹಿರಿಯರು ಇಂದಿಗೂ ನೆನೆಸಿಕೊಳ್ಳುತ್ತಾರೆ. ಅಂದು ಈ ತಾಯಿ ಬಸುರಿ. ಕತ್ತಲೆ ಕೋಣೆಯಲ್ಲಿ ಕೂರಿಸಿದ್ದರು. ಬೇಸರ ಕಳೆಯಲು ಒಂದು ಕುಪ್ಪಸದ ಅಂಚು ಕತ್ತರಿಸಿದರಂತೆ. ಮೇ ತಿಂಗಳಲ್ಲಿ ಗಂಡುಮಗು ಹುಟ್ಟಿತು. ಮೇಲ್ತುಟಿ ಸೀಳಿತ್ತು. “ಗ್ರಹಣದಾಗ ಕತ್ತರಿ ಹಿಡದಿದ್ಲು, ಕೂಸಿನ ತುಟಿ ಕತ್ತರಿಸಿತು” ಎಂದು ಮನೆಯವರು ಅಂದರು. ಓಣಿಯವರು ಅಂದರು. ಆಪರೇಷನ್ ಆಯಿತು, ತುಟಿ ಕೂಡಿತು. ಮಗ ಓದಿದ, ನೌಕರಿ ಹಿಡಿದ, ಮದುವೆಯಾದ. “ಅವಂಗ ಮೀಸೆ ಬಂದ ಮ್ಯಾಲ ಕಲೀನೂ ಕಾಣಂಗಿಲ್ಲರೀ. ನನಗ ಮಾತ್ರ ದಿನಾ ಕಾಣತದ” ಎಂದರು.

ನಲವತ್ತೈದು ವರ್ಷ, ಕೇಳುಗರೇ.

ಅವರಿಗೆ ಹೇಳಿದ್ದನ್ನೇ ನಿಮಗೂ ಹೇಳುತ್ತೇನೆ. ಮಗುವಿನ ಮೇಲ್ತುಟಿ ಕೂಡುವುದು ಗರ್ಭದ ನಾಲ್ಕರಿಂದ ಏಳನೇ ವಾರದೊಳಗೆ. ಬಾಯಿಯ ಅಂಗುಳ ಕೂಡುವುದು ಆರರಿಂದ ಒಂಬತ್ತನೇ ವಾರದೊಳಗೆ. ಅನೇಕ ಹೆಂಗಸರಿಗೆ ಬಸುರು ನಿಂತಿದೆ ಎಂದು ಖಚಿತವಾಗುವ ಹೊತ್ತಿಗೇ ಆ ಕೆಲಸ ಮುಗಿಯುತ್ತಾ ಬಂದಿರುತ್ತದೆ. ಮೇ ತಿಂಗಳಲ್ಲಿ ದಿನ ತುಂಬಿ ಹುಟ್ಟಿದ ಮಗು ಎಂದರೆ, ಅದರ ತುಟಿಯ ಲೆಕ್ಕ ಹಿಂದಿನ ವರ್ಷದ ದೀಪಾವಳಿಯ ಹೊತ್ತಿಗೇ ಮುಗಿದಿತ್ತು. ಗ್ರಹಣ ಬಂದದ್ದು ಫೆಬ್ರವರಿಯಲ್ಲಿ! ಅವರು ಕತ್ತರಿ ಕೈಗೆ ತೆಗೆದುಕೊಳ್ಳುವುದಕ್ಕೆ ತಿಂಗಳುಗಳ ಹಿಂದೆಯೇ ಆಗಿಹೋದದ್ದಕ್ಕೆ ಕತ್ತರಿ ಹೇಗೆ ಕಾರಣವಾಗುತ್ತದೆ? ಸೀಳುತುಟಿಗೆ ವಂಶವಾಹಿಗಳು ಕಾರಣ ಇರಬಹುದು. ತಾಯಿಯ ಸಕ್ಕರೆ ಕಾಯಿಲೆ, ಕೆಲವು ಔಷಧಿಗಳು, ಹೊಗೆಸೊಪ್ಪು ಅಪಾಯ ಹೆಚ್ಚಿಸುತ್ತವೆ ಎನ್ನುತ್ತಾರೆ ವೈದ್ಯರು. ಎಷ್ಟೋ ಸಲ ಇಂಥದ್ದೇ ಕಾರಣ ಎಂದು ಬೆರಳಿಟ್ಟು ತೋರಿಸಲೂ ಆಗುವುದಿಲ್ಲ. ಗ್ರಹಣ ಆ ಪಟ್ಟಿಯಲ್ಲಿ ಇಲ್ಲವೇ ಇಲ್ಲ.

ಫೋನಿನ ಆ ಕಡೆ ಬಹಳ ಹೊತ್ತು ಮಾತೇ ಇರಲಿಲ್ಲ. ಆಮೇಲೆ ಕೇಳಿದರು: “ಈ ಲೆಕ್ಕ ಆವಾಗ ಯಾರೂ ಯಾಕ ಹಾಕಲಿಲ್ರೀ?”

ಇದಕ್ಕೆ ನನ್ನ ಬಳಿ ಉತ್ತರ ಇರಲಿಲ್ಲ. ಆದರೆ ಬಿ.ಎ.ಯಲ್ಲಿ ಕನ್ನಡ ಓದಿದ್ದರಿಂದ ಪದಗಳ ಬೆನ್ನು ಹತ್ತುವ ಅಭ್ಯಾಸ ಇದೆ. ‘ಗ್ರಹ’ ಎಂದರೆ ಹಿಡಿಯುವಂಥದ್ದು. ಸೂರ್ಯನನ್ನು ಹಿಡಿದರೆ ಗ್ರಹಣ. ಮನುಷ್ಯನನ್ನು ಹಿಡಿದರೆ ನಮ್ಮ ಹಳ್ಳಿಯ ಮಾತಿನಲ್ಲಿ ಗರ. ‘ಗರ ಬಡಿದವರ ಹಾಗೆ ಯಾಕೆ ನಿಂತೆ’ ಎನ್ನುತ್ತೇವಲ್ಲ, ಆ ಗರ ಇದೇ ಗ್ರಹ. ಅದೇ ಮೂಲದಿಂದ ಇನ್ನೊಂದು ಮಾತೂ ಬಂದಿದೆ: ಗ್ರಹಿಸು, ಗ್ರಹಿಕೆ. ಅದು ಮನಸ್ಸು ಒಂದು ವಿಷಯವನ್ನು ಹಿಡಿಯುವುದು. ಗರ ಬಡಿದಾಗ ವಿಷಯ ನಮ್ಮನ್ನು ಹಿಡಿದಿರುತ್ತದೆ, ಗ್ರಹಿಸಿದಾಗ ನಾವು ವಿಷಯವನ್ನು ಹಿಡಿದಿರುತ್ತೇವೆ. ಆ ತಾಯಿ ನಲವತ್ತೈದು ವರ್ಷ ಇದ್ದದ್ದು ಮೊದಲನೆಯದರ ಕೈಯಲ್ಲಿ.

ರಾಹುವಿನ ಹಿಡಿತ ಇಷ್ಟು ಗಟ್ಟಿ ಯಾಕೆ? ನಮ್ಮ ನೆನಪು ಒಂದು ಕಡೆ ವಾಲಿದ ತಕ್ಕಡಿ. ರಾಹುಕಾಲದಲ್ಲಿ ಹೊರಟು ಟೈರ್ ಪಂಕ್ಚರ್ ಆದರೆ ಹತ್ತು ವರ್ಷ ಹೇಳಿಕೊಂಡು ತಿರುಗುತ್ತೇವೆ. ರಾಹುಕಾಲದಲ್ಲಿ ಹೊರಟು ಸುಖವಾಗಿ ಮುಟ್ಟಿದ ಐನೂರು ಸೋಮವಾರಗಳನ್ನು ಯಾರೂ ಲೆಕ್ಕ ಇಡುವುದಿಲ್ಲ. ಇನ್ನೊಂದು ತಮಾಷೆ ನೋಡಿ. 2019ರ ಆ ಕಂಕಣ ಗ್ರಹಣ ಗುರುವಾರ, ಬೆಳಗ್ಗೆ 8ರಿಂದ 11ರ ಸುಮಾರಿಗೆ. ಗುರುವಾರದ ರಾಹುಕಾಲ ಮಧ್ಯಾಹ್ನ 1.30ಕ್ಕೆ. 1980ರ ಗ್ರಹಣ ಶನಿವಾರ ಮಧ್ಯಾಹ್ನದ ಮೇಲೆ, ಶನಿವಾರದ ರಾಹುಕಾಲ ಬೆಳಗ್ಗೆ 9ಕ್ಕೆ. 2025ರದ್ದು ಭಾನುವಾರ ರಾತ್ರಿ, ಭಾನುವಾರದ ರಾಹುಕಾಲ ಸಂಜೆ 4.30ಕ್ಕೆ. ರಾಹು ಸೂರ್ಯ ಚಂದ್ರರನ್ನು ನುಂಗುತ್ತಿದ್ದಾಗ ರಾಹುಕಾಲವೇ ಇರಲಿಲ್ಲ. ರಾಹುಕಾಲ ಬಂದಾಗ ರಾಹು ಎಲ್ಲೂ ಕಾಣಲಿಲ್ಲ!

ಹಾಗೆಂದು ನಾನು ಯಾರ ನಂಬಿಕೆಗೂ ಕೈ ಹಾಕಲು ಬಂದವಳಲ್ಲ. ಮಂಗಳವಾರ ಮೂರು ಗಂಟೆಯ ರಾಹುಕಾಲದಲ್ಲಿ ನಮ್ಮ ಊರಿನ ದುರ್ಗೆಯ ಸನ್ನಿಧಿಗಳಿಗೆ ಹೋಗಿ ನೋಡಿ. ನಿಂಬೆಯ ಹೋಳನ್ನು ಮಗುಚಿ ಎಣ್ಣೆ ಹಾಕಿ ಹೆಂಗಸರು ದೀಪ ಹಚ್ಚುತ್ತಿರುತ್ತಾರೆ. ಬೇರೆಯವರು ಹೆದರುವ ಹೊತ್ತನ್ನೇ ಇವರು ಪ್ರಾರ್ಥನೆಯ ಹೊತ್ತು ಮಾಡಿಕೊಂಡಿದ್ದಾರೆ. ಮನೆಗೆಲಸದ ನಡುವೆ ತಮ್ಮದೇ ಆದ ಒಂದೂವರೆ ಗಂಟೆ. ತಿರುನಾಗೇಶ್ವರಕ್ಕೆ, ಕಾಳಹಸ್ತಿಗೆ, ನಮ್ಮ ಕುಕ್ಕೆಗೆ ಹೋಗಿ ಮನಸ್ಸು ಹಗುರ ಮಾಡಿಕೊಂಡು ಬರುವವರೂ ಇದ್ದಾರೆ. ಹಾಲು ಉಕ್ಕಿಸಲು ಹತ್ತು ನಿಮಿಷ ಕಾದರೆ ಯಾರಿಗೇನು ನಷ್ಟ? ಟೆಂಪೋ ಡ್ರೈವರನಿಗೆ ಇನ್ನೊಂದು ಬೀಡಿ, ಅಷ್ಟೇ.

ನಾನು ಇಟ್ಟುಕೊಂಡಿರುವ ಅಳತೆ ಒಂದೇ. ಕಾಯುವುದರಿಂದ ಯಾರ ಮೈಗೂ ನೋವಿಲ್ಲ, ಯಾರ ಮಾನಕ್ಕೂ ಕುಂದಿಲ್ಲ ಎಂದರೆ ಕಾಯಿರ್ರಿ, ಅದು ನಿಮ್ಮ ಸಮಾಧಾನ. ಆದರೆ ಬಸುರಿ ಬಾಯಾರಿ ಕೂರಬೇಕು, ಸಕ್ಕರೆ ಕಾಯಿಲೆಯವರು ಇನ್ಸುಲಿನ್ ತೆಗೆದುಕೊಂಡು ಊಟ ಬಿಡಬೇಕು, ಎದೆನೋವು ಬಂದವರು ಆಸ್ಪತ್ರೆಗೆ ಹೊರಡಲು ಒಳ್ಳೆ ಹೊತ್ತು ನೋಡಬೇಕು, ಒಬ್ಬ ತಾಯಿ ಜೀವಮಾನವಿಡೀ ತಾನು ಮಾಡದ ತಪ್ಪು ಹೊರಬೇಕು ಎಂದರೆ, ಅಲ್ಲಿ ರಾಹುವಿಗೆ ‘ಸ್ವಲ್ಪ ಹೊರಗಿರಪ್ಪ’ ಎನ್ನಲೇಬೇಕು.

ಹಿರಿಯರ ಮಾತಿನಲ್ಲಿ ನಿಜವೂ ಇದೆ, ಅದನ್ನೂ ಹೇಳಿಬಿಡುತ್ತೇನೆ. ಸೂರ್ಯಗ್ರಹಣವನ್ನು ಬರಿಗಣ್ಣಿನಿಂದ ನೋಡಬಾರದು. ಕಣ್ಣಿನ ಒಳಪರದೆ ಸುಟ್ಟರೆ ನೋವಾಗುವುದೇ ಇಲ್ಲ, ದೃಷ್ಟಿ ಹೋದ ಮೇಲೆಯೇ ಗೊತ್ತಾಗುವುದು. ಎಕ್ಸ್‌ರೇ ಹಾಳೆ, ಕೂಲಿಂಗ್ ಗ್ಲಾಸ್ ಯಾವುದೂ ಬೇಡ. ಅದಕ್ಕೆಂದೇ ಮಾಡಿದ ಸೌರ ಕನ್ನಡಕ ಬೇಕು, ಇಲ್ಲವೇ ರಟ್ಟಿನಲ್ಲಿ ಸೂಜಿರಂಧ್ರ ಮಾಡಿ ನೆರಳಿನಲ್ಲಿ ಬಿದ್ದ ಬಿಂಬ ನೋಡಿ. ಚಂದ್ರಗ್ರಹಣಕ್ಕೆ ಇದ್ಯಾವುದೂ ಬೇಕಿಲ್ಲ. ಮಾಳಿಗೆ ಹತ್ತಿದರೆ ಸಾಕು. ಮಕ್ಕಳಿಗೆ ಇನ್ನೂ ತಿಳಿಯಬೇಕೆನಿಸಿದರೆ ಕೋಟ್ಟೂರ್‌ಪುರದ ಬಿರ್ಲಾ ತಾರಾಲಯಕ್ಕೆ ಕರೆದುಕೊಂಡು ಹೋಗಿ.

ಮುಂದಿನ ಚಂದ್ರಗ್ರಹಣದ ರಾತ್ರಿ ಚಂದ್ರನ ಮೇಲೆ ಕಪ್ಪು ಅಂಚು ಸರಿಯುವಾಗ ಒಂದು ಮಾತು ನೆನಪಿಸಿಕೊಳ್ಳಿ. ಆ ನೆರಳು ಯಾವ ಅಸುರನದೂ ಅಲ್ಲ, ನಮ್ಮ ಭೂಮಿಯದು. ಮರೀನಾ, ಮಾಂಬಲ, ಹುಬ್ಬಳ್ಳಿ, ಬೇಕಲ ಎಲ್ಲವೂ ಆ ನೆರಳಿನ ಒಳಗೇ ಇವೆ. ನೀವು ನಿಂತ ಮಾಳಿಗೆಯೂ ಸೇರಿ. ಮನೆಯ ಹಿರಿಯರನ್ನೂ ಕೈಹಿಡಿದು ಮೇಲೆ ಕರೆದುಕೊಂಡು ಬನ್ನಿ. ಮನೆಯಲ್ಲಿ ಬಸುರಿ ಹೆಣ್ಣುಮಗಳಿದ್ದರೆ ಮೊದಲು ಆಕೆಗೆ ಊಟ ಬಡಿಸಿ, ಆಮೇಲೆ ಕರೆತನ್ನಿ.

ಮುಂದಿನ ವಾರ ಇದೇ ಹೊತ್ತಿಗೆ ಮತ್ತೆ ಸಿಗೋಣ. ಅಲ್ಲಿಯವರೆಗೆ ಎಲ್ಲ ಕಾಲವೂ ನಿಮಗೆ ಒಳ್ಳೆ ಕಾಲವಾಗಲಿ. ನಮಸ್ಕಾರ.